ಲೆಕ್ಕಕ್ಕಿಲ್ಲದವಳ ಕೈ

ನನ್ನ ತಂಗಿಯ ಮೇಲೆ ನನಗೆ ಹೊಟ್ಟೆಕಿಚ್ಚಿದೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು. ಇಲ್ಲದಿದ್ದರೆ ಮುಂದೆ ನಾನು ಹೇಳುವ ವಿಜ್ಞಾನವೆಲ್ಲ ಬಹಳ ನಿಷ್ಪಕ್ಷಪಾತವಾದದ್ದೆಂದು ನೀವು ನಂಬಿ ಕೂತೀರಿ.

ನಾನು ದಾನೇಶ್ವರಿ ಹೊಸಮನಿ. ವಯಸ್ಸು ನಲವತ್ತೈದು. ಧಾರವಾಡದ ಎಣಿಕೆ ಕೇಂದ್ರದಲ್ಲಿ ಸಂಖ್ಯಾಶಾಸ್ತ್ರಜ್ಞೆ. ತಂಗಿ ಸುವರ್ಣಾ, ಮನೆಯಲ್ಲಿ ಸುವ್ವಿ, ನನಗಿಂತ ಆರು ವರ್ಷ ಚಿಕ್ಕವಳು. ಹುಬ್ಬಳ್ಳಿಯ ದುರ್ಗದಬೈಲಿನಲ್ಲಿ ಮೊಬೈಲ್ ರಿಪೇರಿ ಅಂಗಡಿ ನಡೆಸುತ್ತಾಳೆ. ಪಿಯುಸಿಯಲ್ಲಿ ಎರಡು ಸಲ ಡುಮ್ಕಿ ಹೊಡೆದವಳು. ಗಿರಾಕಿ ಇಲ್ಲದ ಹೊತ್ತಿನಲ್ಲಿ ಅವಳು ಕೂತು ಮಾಡಿದ ‘ಜಿಗಿ ಜಿಗಿ’ ಎಂಬ ಆಟ ಇವತ್ತು ನಲವತ್ತು ಲಕ್ಷ ಫೋನುಗಳಲ್ಲಿದೆ. ನಾನು ಐದು ವರ್ಷ ತಲೆ ಕೆಡಿಸಿಕೊಂಡು ಮಾಡಿದ ‘ಏಳನೆಯ ಮನೆ’ ಎಂಬ ಆಟ, ಬಿಡುಗಡೆಯಾಗಿ ಹದಿನೆಂಟು ವರ್ಷವಾದರೂ, ಹೋಗಿ ಕೂತದ್ದು ಇನ್ನೂರ ಹನ್ನೆರಡು ಫೋನುಗಳಲ್ಲಿ. ನಾನು ಎಣಿಸುವವಳು. ಈ ಎರಡು ಸಂಖ್ಯೆಗಳ ನಡುವಿನ ದೂರ ನನಗೆ ಗೊತ್ತಿರುವಷ್ಟು ಇನ್ಯಾರಿಗೂ ಗೊತ್ತಿಲ್ಲ.

ಆಟಗಳನ್ನು ಯಂತ್ರಗಳೇ ಹೆರತೊಡಗಿ ಹತ್ತು ವರ್ಷವಾಯಿತು. ದಿನಕ್ಕೆ ಲಕ್ಷ ಆಟ. ಜನಕ್ಕೆ ಅವು ಬೇಗನೆ ಓಕರಿಕೆ ತರಿಸಿದವು. ಮನುಷ್ಯರು ಒಬ್ಬೊಬ್ಬರೇ ಮನೆಯಲ್ಲಿ ಕೂತು ಮಾಡಿದ ಆಟಗಳಿಗೆ ಬೆಲೆ ಬಂತು. ಕೈಮಗ್ಗದ ಸೀರೆ ಇದ್ದ ಹಾಗೆ ಅದಕ್ಕೆ ‘ಕೈಯಾಟ’ ಎಂದು ಹೆಸರಾಯಿತು, ಮಾಡುವವರನ್ನು ಕೈಯಾಟದವರು ಎಂದರು. ಅವರಿಗೊಂದು ಮಂಡಳಿ ಮಾಡಬೇಕೆಂದು ಸರ್ಕಾರ ಹೊರಟಿತು. ಎಷ್ಟು ಮಂದಿ ಇದ್ದಾರೆ ಎಂದು ಕೇಳಿದರೆ ಮಾತ್ರ ಯಾರ ಹತ್ತಿರವೂ ಉತ್ತರ ಇರಲಿಲ್ಲ. ಒಬ್ಬನೇ ಐದು ಹೆಸರಿನಲ್ಲಿ ಆಟ ಬಿಡುತ್ತಾನೆ, ಐದು ಜನ ಸೇರಿ ಒಂದೇ ಹೆಸರಿಟ್ಟುಕೊಳ್ಳುತ್ತಾರೆ. ನನ್ನ ತಂಗಿಯಂಥವರು ಹೆಸರನ್ನೇ ಹಾಕುವುದಿಲ್ಲ. ‘ಜಿಗಿ ಜಿಗಿ’ಯ ಮೂಲೆಯಲ್ಲಿ ಒಂಟಿಕಾಲಿನ ಗುಬ್ಬಿಯ ಚಿತ್ರವೊಂದಿದೆ, ಅಷ್ಟೇ. ಆ ಗುಬ್ಬಿ ಯಾರು ಎಂದು ರಾಜ್ಯವೆಲ್ಲ ಕೇಳುತ್ತಿದ್ದಾಗ ಉತ್ತರ ಗೊತ್ತಿದ್ದವರು ನಾವು ಮೂವರೇ: ಅವಳು, ಅವ್ವ ಮತ್ತು ಹಲ್ಲು ಕಚ್ಚಿಕೊಂಡಿದ್ದ ನಾನು.

ಎಣಿಕೆಯ ಕೆಲಸ ನಮ್ಮ ಕೇಂದ್ರಕ್ಕೆ ಬಂತು, ನನ್ನ ಮೇಜಿಗೆ ಬಂತು. ಕೆರೆಯಲ್ಲಿ ಮೀನು ಎಷ್ಟಿವೆ ಎಂದು ತಿಳಿಯಲು ನೀರು ಖಾಲಿ ಮಾಡಬೇಕಿಲ್ಲ. ಒಂದು ದಿನ ಬಲೆ ಬೀಸಿ, ಸಿಕ್ಕ ಮೀನುಗಳಿಗೆ ಗುರುತು ಹಾಕಿ ಬಿಡಬೇಕು. ಇನ್ನೊಂದು ದಿನ ಮತ್ತೆ ಬೀಸಬೇಕು. ಗುರುತಿನ ಮೀನು ಮತ್ತೆ ಮತ್ತೆ ಸಿಕ್ಕರೆ ಕೆರೆಯಲ್ಲಿ ಮೀನು ಕಡಿಮೆ, ಅಪರೂಪಕ್ಕೆ ಸಿಕ್ಕರೆ ಹೆಚ್ಚು. ಕೈಯಾಟದವರನ್ನೂ ಹೀಗೇ ಎಣಿಸಬಹುದು. ಆದರೆ ಗುರುತು ಯಾವುದಕ್ಕೆ ಹಾಕುವುದು?

ಅದಕ್ಕೆಂದು ನಾವು ಕಟ್ಟಿದ ಯಂತ್ರದ ಹೆಸರು ‘ನಾಡಿ’. ಆಟ ಮಾಡುವವರು ಏನನ್ನು ಬೇಕಾದರೂ ಯಂತ್ರದಿಂದ ಮಾಡಿಸಿಕೊಳ್ಳಲಿ, ಕೊನೆಗೆ ಒಂದು ಕೆಲಸವನ್ನು ಮಾತ್ರ ಕೈಯಿಂದಲೇ ಮಾಡುತ್ತಾರೆ. ಜಿಗಿತ ಎಷ್ಟು ಹೊತ್ತು ಗಾಳಿಯಲ್ಲಿರಬೇಕು, ಕಾಲೂರಿದ ಮೇಲೆ ಎಷ್ಟು ತಡೆದು ಮುಂದಿನ ಹೆಜ್ಜೆ, ಇದನ್ನೆಲ್ಲ ಆಡಿ ಆಡಿ ನೋಡಿ ‘ಹಾಂ, ಈಗ ಸರಿ’ ಎನ್ನಿಸುವವರೆಗೆ ತಿದ್ದುತ್ತಾರೆ. ಆ ‘ಈಗ ಸರಿ’ ಎನ್ನುವುದು ಒಬ್ಬೊಬ್ಬರ ಮೈಯಲ್ಲಿ ಒಂದೊಂದು ಬಗೆ. ಬಾಲ್ಯದಲ್ಲಿ ಓಡಿದ, ಜಿಗಿದ, ಬಿದ್ದ ತಾಳ ಅದು. ಹೆಸರು ಬದಲಾಯಿಸಬಹುದು, ತಾಳ ಬದಲಾಯಿಸಲಾಗದು. ನಾಡಿ ಸಾವಿರಾರು ಆಟಗಳನ್ನು ತಾನೇ ಆಡಿ, ಅವುಗಳ ಹಿಂದಿನ ತಾಳ ಹಿಡಿದು, ಇವೆಲ್ಲ ಒಂದೇ ಕೈಯವು ಎಂದು ಹೇಳುತ್ತಿತ್ತು. ಪ್ರತಿ ಕೈಗೆ ಒಂದು ಸಂಖ್ಯೆ, ಗೊತ್ತಿದ್ದರೆ ಒಂದು ಹೆಸರು. ಪ್ರಕಟವಾದ ದಿನದಿಂದ ಆ ಸಂಖ್ಯೆ ಕಾಯಂ. ಆ ಕೈ ಮುಂದೆ ಮಾಡುವ ಆಟಗಳೂ ಅದೇ ಹೆಸರಿಗೆ ಸೇರುತ್ತವೆ.

ನಾಡಿಯನ್ನು ಪಳಗಿಸಲು ಯಾರದೆಂದು ಖಚಿತವಾಗಿ ಗೊತ್ತಿರುವ ಕೆಲವು ಆಟಗಳು ಬೇಕಿದ್ದವು. ನಾನು ನನ್ನ ‘ಏಳನೆಯ ಮನೆ’ಯನ್ನೂ ಅದರಲ್ಲಿ ಸೇರಿಸಿದೆ. ಯಾರೂ ಆಡದ ಆಟವನ್ನು ಕೊನೆಗೆ ಯಂತ್ರವಾದರೂ ಆಡಲಿ ಎಂಬ ಆಸೆ ಇತ್ತು, ಇಲ್ಲವೆನ್ನುವುದಿಲ್ಲ.

ಇಷ್ಟೆಲ್ಲ ಮಾಡಿ ಮನೆಗೆ ಹೋದರೆ ಅವ್ವ ಕಟ್ಟೆಯ ಮೇಲೆ ಕೂತು, ಕನ್ನಡಕ ಮೂಗಿನ ತುದಿಗಿಳಿಸಿ, ಜಿಗಿ ಜಿಗಿ ಆಡುತ್ತಿರುತ್ತಿದ್ದಳು. ಎಪ್ಪತ್ತಮೂರು ವರ್ಷದ ಹೆಂಗಸು, ಮಂಡಿನೋವು, ಆಟದಲ್ಲಿ ಮಾತ್ರ ಒಂಟಿಕಾಲಿನಲ್ಲಿ ಹಾರಿ ಹಾರಿ ಹೋಗುತ್ತಾಳೆ.

“ಎಷ್ಟ ಚಂದ ಮಾಡ್ಯಾಳ ನೋಡ ನಮ್ಮ ಸುವ್ವಿ. ನೀ ಒಮ್ಮೆರ ಆಡಿ ನೋಡಬಾರದೇನ, ದಾನಿ?”

“ನನಗ ಟೈಮಿಲ್ಲವ್ವ.”

“ಎರಡ ಮಿನಿಟದ ಆಟ ಅದ.”

“ದಿನಾ ಅದನ್ನ ನೋಡಿ ನೋಡಿ ಕಣ್ಣ ಸೋತಾವ. ಮನ್ಯಾಗೂ ಅದs ಏನ?”

ಸುಳ್ಳು. ನಾಡಿ ಆಡುತ್ತಿತ್ತು, ನಾನು ಆಡಿರಲಿಲ್ಲ. ಆಟ ಬಂದ ನಾಲ್ಕು ವರ್ಷದಲ್ಲಿ ಒಂದೇ ಒಂದು ಸಲವೂ ಆ ಗುಬ್ಬಿಯನ್ನು ಮುಟ್ಟಿರಲಿಲ್ಲ. ಮುಟ್ಟಿದರೆ ಚೆನ್ನಾಗಿದೆ ಎಂದು ಒಪ್ಪಿಕೊಳ್ಳಬೇಕಾಗುತ್ತದೆಂಬ ಭಯ.

ಎರಡು ಸಲ ಆಟಗಳ ರಾಶಿ ಹೆಕ್ಕಿ, ಎರಡೂ ಬಲೆ ಮುಗಿಸಿದ ಬುಧವಾರ ಬೆಳಿಗ್ಗೆ ನಿರ್ದೇಶಕ ಕಿತ್ತೂರಮಠ ಅವರು ನನ್ನ ಕೋಣೆಗೆ ತಾವೇ ಬಂದರು. ಮೊದಲ ಬಲೆಯಲ್ಲಿ ಸಾವಿರದ ಒಂಬೈನೂರು ಕೈ, ಎರಡನೆಯದರಲ್ಲಿ ಎರಡು ಸಾವಿರ, ಎರಡರಲ್ಲೂ ಸಿಕ್ಕವು ಮುನ್ನೂರ ಎಂಬತ್ತು. ಗುಣಿಸಿ ಭಾಗಿಸಿದರೆ ರಾಜ್ಯದಲ್ಲಿ ಕೈಯಾಟದವರು ಹತ್ತು ಸಾವಿರ. ಅಂಚಿಲ್ಲದ ದುಂಡನೆಯ ಸಂಖ್ಯೆ. ಆದರೆ ಅವರ ಮುಖದ ತುಂಬ ನಗೆ ಇದ್ದದ್ದು ಅದಕ್ಕಲ್ಲ.

“ಏನ್ರೀ ಮೇಡಂ, ಇಷ್ಟ ದಿನ ಮುಚ್ಚಿಟ್ಟೀರಲ್ಲ! ಗುಬ್ಬಿ ನೀವs ಏನ್ರೀ?”

ಅವರು ಹಿಡಿದಿದ್ದ ಹಾಳೆಯಲ್ಲಿ ಹೆಚ್ಚು ಜನರು ಆಡುವ ಕೈಗಳ ಪಟ್ಟಿ ಇತ್ತು. ಕೈ ಸಂಖ್ಯೆ ಒಂದು. ಆಟಗಳು: ಜಿಗಿ ಜಿಗಿ, ಏಳನೆಯ ಮನೆ. ಹೆಸರು: ದಾನೇಶ್ವರಿ ಹೊಸಮನಿ. ಹೊಂದಿಕೆ ನೂರಕ್ಕೆ ತೊಂಬತ್ತೊಂಬತ್ತು.

ನನಗೆ ತಕ್ಷಣ ಅರ್ಥವಾಯಿತು. ಮಾಳಮಡ್ಡಿಯ ಬಾಡಿಗೆ ಮನೆಯ ಅಂಗಳ, ಹಾಸುಗಲ್ಲಿನ ಮೇಲೆ ಇದ್ದಿಲಿನಲ್ಲಿ ಎಳೆದ ಕುಂಟೆಬಿಲ್ಲೆಯ ಮನೆಗಳು, ಹನ್ನೊಂದು ವರ್ಷದ ನಾನು, ನನ್ನ ಕಿರುಬೆರಳು ಹಿಡಿದುಕೊಂಡೇ ಜಿಗಿಯುವುದನ್ನು ಕಲಿತ ಐದು ವರ್ಷದ ಸುವ್ವಿ. ನಾನು ಹಾರಿದರೆ ಅವಳು ಹಾರುತ್ತಿದ್ದಳು, ನಾನು ನಿಂತರೆ ನಿಲ್ಲುತ್ತಿದ್ದಳು. ಅವಳ ಮೈಯಲ್ಲಿದ್ದದ್ದು ನನ್ನ ತಾಳ. ಪಾಪ, ನಾಡಿ ತಾನು ಕೇಳಿದ್ದನ್ನೇ ಹೇಳಿತ್ತು.

‘ಅಲ್ಲ ಸರ್, ಅದು ನನ್ನ ತಂಗಿ’ ಎನ್ನಲು ಎಷ್ಟು ಹೊತ್ತು ಬೇಕು? ಎರಡು ಸೆಕೆಂಡು. ನಾನು ಆ ಎರಡು ಸೆಕೆಂಡು ಸುಮ್ಮನಿದ್ದೆ. ಅಷ್ಟರಲ್ಲಿ ಅವರು ಬಾಗಿಲಿನಾಚೆ ನಿಂತವರನ್ನೆಲ್ಲ ಕರೆದಿದ್ದರು. ಯಾರೋ ಪೇಡೆ ತರಲು ಓಡಿದರು. ಟೈಪಿಂಗ್ ವಿಭಾಗದ ಶಾರದಕ್ಕ ನನ್ನ ಕೈಯನ್ನು ತನ್ನೆರಡು ಕೈಯಲ್ಲಿ ಹಿಡಿದು, “ನನ್ನ ಮೊಮ್ಮಗಳು ಊಟಾ ಬಿಟ್ಟ ಆಡ್ತಾಳ್ರೀ ಮೇಡಂ” ಎಂದಳು. ಹದಿನೆಂಟು ವರ್ಷ ಈ ಮಾತಿಗಾಗಿ ಬಾಯಿ ಬಿಟ್ಟುಕೊಂಡು ಕೂತಿದ್ದೆ. ಪೇಡೆ ತಿಂದೆ. ರುಚಿಯಾಗಿತ್ತು ಎಂದು ಹೇಳಲು ನಾಚಿಕೆಯಾಗುತ್ತದೆ, ಆದರೆ ರುಚಿಯಾಗಿತ್ತು.

ಪಟ್ಟಿ ಸೋಮವಾರ ಪ್ರಕಟವಾಗಬೇಕಿತ್ತು. ಅಂದರೆ ಸೋಮವಾರದಿಂದ ಸುವ್ವಿ ಎಂಬ ಕೈಯೇ ಇರುವುದಿಲ್ಲ. ಅವಳು ಮುಂದೆ ಏನು ಮಾಡಿದರೂ ಅದು ನನ್ನದು. ಅವಳೇ ಹೆಸರು ಬೇಡವೆಂದವಳಲ್ಲವೇ, ಅವಳಿಗೇನು ನಷ್ಟ ಎಂದು ಬಸ್ಸಿನಲ್ಲಿ ಮನೆ ಮುಟ್ಟುವವರೆಗೂ ನನಗೆ ನಾನೇ ವಕೀಲಿಕೆ ಮಾಡಿಕೊಂಡೆ.

ಸುದ್ದಿ ನನಗಿಂತ ಮೊದಲೇ ಮನೆ ಸೇರಿತ್ತು. ಕಿತ್ತೂರಮಠರ ಹೆಂಡತಿ ಅವ್ವನಿಗೆ ಫೋನು ಮಾಡಿ ಅಭಿನಂದಿಸಿದ್ದರಂತೆ. ಅವ್ವ ಆಟ ಬಂದ್ ಮಾಡಿ, ಫೋನನ್ನು ಮಡಿಲಲ್ಲಿ ಬೋರಲು ಹಾಕಿಕೊಂಡು ಕೂತಿದ್ದಳು.

“ಇಲ್ಲಾ ಅಂದ್ಯೋ, ಹೂಂ ಅಂದ್ಯೋ?”

“ಯಂತ್ರ ಹೇಳಿದ್ದವ್ವ. ನಾ ಏನೂ ಅಂದಿಲ್ಲ.”

“ಏನೂ ಅಂದಿಲ್ಲೇನು.” ಅವ್ವ ಎದ್ದು ಒಳಗೆ ಹೋದಳು. ಬೈಯಲಿಲ್ಲ. ಆ ದಿನ ರೊಟ್ಟಿ ಬಡಿಯುವ ಸಪ್ಪಳ ಮಾತ್ರ ಎಂದಿಗಿಂತ ಜೋರಾಗಿತ್ತು.

ನನಗೂ ಸಿಟ್ಟು ಬಂತು. ನಾನೇನು ಕದ್ದೆನೇ? ಜಿಗಿಯುವುದನ್ನು ಕಲಿಸಿದವಳು ಯಾರು? ಆ ತಾಳ ಯಾರದು? ನಾನು ಓದಿದೆ, ಪಾಸಾದೆ, ಐದು ವರ್ಷ ಬೇರೆಲ್ಲ ಬಿಟ್ಟು ಕೂತೆ. ಅವಳು ಗಿರಾಕಿಗಳ ನಡುವೆ ಸ್ಕ್ರೂ ಬಿಗಿಯುತ್ತಾ ಕೂತಲ್ಲೇ ಆಟ ಮಾಡಿದಳು. ಇದನ್ನು ಅವಳ ಮುಖದ ಮೇಲೆ ಹೇಳಿಯೇ ತೀರಬೇಕೆಂದು ಶನಿವಾರ ಮಧ್ಯಾಹ್ನ ಹುಬ್ಬಳ್ಳಿಯ ಬಸ್ಸು ಹತ್ತಿದೆ.

ಅಂಗಡಿ ಎಂದರೆ ಒಂದು ಗೂಡು. ಗಾಜಿನ ಕಪಾಟು, ಬಲ್ಬು, ಬಿಚ್ಚಿಟ್ಟ ಫೋನುಗಳು. ಸುವ್ವಿ ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ಕೂತಿದ್ದಳು.

“ಅಯ್ಯ, ಅಕ್ಕಾ! ಹಾದಿ ತಪ್ಪಿ ಬಂದ್ಯೇನ? ಕೂಡು, ಚಾ ಹೇಳ್ತೀನಿ.”

“ಅವ್ವ ಹೇಳಿದ್ಲೇನ?”

“ಹೇಳಿದ್ಲು.”

“ನಿನಗ ಸಿಟ್ಟ ಬರ್ಲಿಲ್ಲ?”

“ಬಂತು. ಯಾಕ ಬರಂಗಿಲ್ಲ? ಒಂದ ದಿನಾ ಪೂರ್ತಿ ಬಂತು.” ಅವಳು ಭೂತಗನ್ನಡಿ ತೆಗೆದಿಟ್ಟಳು. “ಆಮ್ಯಾಲೆ ಹೋಗ್ಲಿ ಬಿಡು ಅಂದೆ. ನಿನ್ನ ಹೆಸರs ಇರ್ಲಿ. ನಾ ಹೆಂಗೂ ಮೊದ್ಲಿಂದ ಲೆಕ್ಕಕ್ಕಿಲ್ಲದಾಕಿ.”

ಅಂಗಳದಲ್ಲಿ ಅವಳನ್ನು ನಾವು ಹಾಗೇ ಕರೆಯುತ್ತಿದ್ದೆವು. ದೊಡ್ಡವರ ಆಟಕ್ಕೆ ಸಣ್ಣವಳು ಬಂದು ಅತ್ತರೆ ಸೇರಿಸಿಕೊಳ್ಳಲೇಬೇಕು, ಆದರೆ ಲೆಕ್ಕದಲ್ಲಿ ಹಿಡಿಯುವಂತಿಲ್ಲ. ‘ಇಕಿ ಲೆಕ್ಕಕ್ಕಿಲ್ಲಾ’ ಎಂದು ಮೊದಲೇ ಕೂಗಿ ಹೇಳುತ್ತಿದ್ದೆವು. ಗೆರೆ ತುಳಿದರೂ ಅವಳು ಔಟಲ್ಲ, ಗೆದ್ದರೂ ಗೆದ್ದ ಹಾಗಲ್ಲ. ಕೂಗುತ್ತಿದ್ದವಳು ಹೆಚ್ಚಾಗಿ ನಾನೇ.

ಹೇಳಬೇಕೆಂದು ತಂದಿದ್ದ ಮಾತುಗಳನ್ನೆಲ್ಲ ಬಿಟ್ಟು, ಏನಾದರೂ ಮಾತಾಡಬೇಕಲ್ಲ ಎಂದು, “ನನ್ನ ಆಟಾನೂ ಏನ್ ಕಡಿಮಿ ಇರಲಿಲ್ಲ. ಇನ್ನೂರ ಹನ್ನೆರಡ ಮಂದಿ ಆಡ್ಯಾರ” ಎಂದೆ.

ಸುವ್ವಿ ಚಹಾದ ಲೋಟ ಕೆಳಗಿಟ್ಟು ನಕ್ಕಳು. ನಗುವುದೋ ಬಿಡುವುದೋ ಗೊತ್ತಾಗದವರ ನಗೆ.

“ಅಕ್ಕಾ, ಬೈಬ್ಯಾಡ. ಇನ್ನೂರ ಒಂಬತ್ತ ನಾನು.”

“ಅಂದ್ರ?”

“ಹೊಸಾದಾಗಿ ಕೆಲಸಕ್ಕ ಸೇರಿದಾಗ, ಗಾಜು ಬದಲಿ ಮಾಡಿದ ಫೋನಿಗೆಲ್ಲ ನಿನ್ನ ಆಟ ಹಾಕಿ ನೋಡ್ತಿದ್ದೆ. ಅಷ್ಟ ಬಿರುಸಿನ ಆಟ ಇನ್ನೊಂದಿರಲಿಲ್ಲ. ಕೂದಲೆಳಿಯಷ್ಟ ಬೆರಳ ಆಚೀಚಿ ಆದ್ರ ಔಟ್. ಏಳನೇ ಮನಿ ಮುಟ್ಟಿದ್ರ ಗಾಜು ಬರೋಬರಿ ಕೂತೈತಿ ಅಂತ ಲೆಕ್ಕ.”

ಇನ್ನೂರ ಒಂಬತ್ತು ಸಲ ಬಲೆಗೆ ಬಿದ್ದದ್ದು ಒಂದೇ ಮೀನು. ನನ್ನ ಆಟ ಹಾಕಿಕೊಂಡವರು ಒಟ್ಟು ನಾಲ್ವರು, ಅದರಲ್ಲಿ ಒಬ್ಬಳು ನಾನು. ಎಣಿಸುವ ಕಸುಬಿನವಳು ನಾನು, ಹದಿನೆಂಟು ವರ್ಷ ಇನ್ನೂರ ಹನ್ನೆರಡನ್ನು ಎದೆಗವಚಿಕೊಂಡಿದ್ದೆ. ಥೂ ನನ್ನ.

“ಗಿರಾಕಿ ಕೈಯ್ಯಾಗ ಕೊಟ್ರ ಅವರೂ ಒಂದ ಸಲ ಒತ್ತಿ ನೋಡವ್ರು,” ಅವಳು ಹೇಳುತ್ತಲೇ ಇದ್ದಳು. “ಗೆರಿ ತುಳದ ಕೂಡ್ಲೆ ಔಟ್ ಆಗೂದು. ‘ಏನ್ ರಿಪೇರಿ ಮಾಡಿ ಮಾರಾಯ್ತಿ, ಫೋನ್ ಇನ್ನೂ ಕೆಟ್ಟೈತಿ’ ಅಂತ ಜಗಳಾ ತಗೀತಿದ್ರು. ಅದಕ್ಕ ಅದರಂಗನ ನಾ ಒಂದ ಮಾಡ್ಕೊಂಡೆ. ಸ್ವಲ್ಪ ಮೆತ್ತಗ. ನಾಕ ವರ್ಷದ ಹಿಂದ ಮಂದಿಗೆ ಬಿಟ್ಟದ್ದು ಅದನ್ನs, ಜಿಗಿ ಜಿಗಿ ಅಂತ. ನಿನ್ನ ಆಟದ ಮಗಳು ಅದು, ಅಕ್ಕಾ.”

“ಕೊಡು ಇಲ್ಲಿ” ಎಂದು ನಾನು ಅವಳ ಫೋನು ಕಸಿದುಕೊಂಡೆ.

ಒಂಟಿಕಾಲಿನ ಗುಬ್ಬಿ, ಇದ್ದಿಲಿನ ಗೆರೆ, ಹಾಸುಗಲ್ಲು. ಎಲ್ಲ ನನ್ನ ಅಂಗಳವೇ. ಮೊದಲನೆಯ ಮನೆ, ಎರಡನೆಯದು, ಮೂರನೆಯದು. ತಾಳ ಮೈಗೆ ತಾನೇ ಬಂತು. ನಾಲ್ಕರಲ್ಲಿ ಬೆರಳು ತಪ್ಪಿತು, ಕಾಲು ಗೆರೆಯ ಮೇಲೆ ಬಿತ್ತು. ನನ್ನ ಮೈ ಔಟಾಗಲು ತಯಾರಾಗಿ ಬಿಗಿಯಾಯಿತು. ಔಟ್ ಆಗಲಿಲ್ಲ. ಗುಬ್ಬಿ ಗೆರೆಯ ಮೇಲೆ ತೂಗಾಡಿತು, ಕಣ್ಣು ರೆಪ್ಪೆ ಬಡಿಯುವಷ್ಟು ಹೊತ್ತು ನನಗಾಗಿ ಕಾಯಿತು. ನಾನು ಹಾರಿದೆ. ಬದುಕಿದೆ. ನನಗೆ ನಗು ಬಂತು, ಬೇಡವೆಂದರೂ ಬಂತು. ಎಷ್ಟು ಚೆನ್ನಾಗಿತ್ತೆಂದರೆ ಇನ್ನೊಮ್ಮೆ ಬೇಕೆಂದೇ ಗೆರೆ ತುಳಿದೆ.

“ಇದೇನಿದು?” ಎಂದೆ.

“ಯಾವ್ದು? ಗೆರಿ ಮ್ಯಾಗಿಂದೇನ? ಅದನ್ನ ನಾ ಮಾಫಿ ಅಂತೀನಿ. ಗೆರಿ ತುಳದ ಕೂಡ್ಲೆ ಯಾರರೆ ಔಟ್ ಆಗ್ತಾರೇನ? ನಾ ಯಾವತ್ತರ ಆಗೀನೇನ?”

ಅವಳಿಗೆ ಗೆರೆ ಎಂದರೆ ಅದೇ. ಆಡಿದಷ್ಟು ವರ್ಷ ಅವಳು ಒಮ್ಮೆಯೂ ಔಟ್ ಆದವಳಲ್ಲ. ನಮ್ಮ ಜಿಗಿತ ಒಂದೇ, ತಡೆ ಒಂದೇ. ಬೇರೆಯಾಗಿದ್ದದ್ದು ತಪ್ಪಿದ ಮೇಲಿನ ಆ ಚಣ ಮಾತ್ರ.

ಇನ್ನು ನನ್ನ ತಪ್ಪು ಹೇಳಬೇಕು. ನಾಡಿ ಆ ಚಣವನ್ನೂ ಅಳೆಯುತ್ತಿತ್ತು. ‘ಇದು ಕೈಯ ಗುಣವಲ್ಲ, ಮಾಡಿದವರ ಸಡಿಲುತನ, ಲೆಕ್ಕಕ್ಕೆ ಬೇಡ’ ಎಂದು ಆ ಕಾಲಂ ಅಳಿಸಿದವಳು ನಾನು. ನನ್ನ ಆಟದಲ್ಲಿ ಅದು ಸೊನ್ನೆಯಿತ್ತಲ್ಲ, ಆದ್ದರಿಂದ ಸೊನ್ನೆಯೇ ಸರಿ ಎಂದುಕೊಂಡಿದ್ದೆ.

ಭಾನುವಾರ ಕೇಂದ್ರದ ಬೀಗ ತೆಗೆಸಿ ಕೂತೆ. ಅಳಿಸಿದ ಕಾಲಂ ಮತ್ತೆ ಸೇರಿಸಿ, ತಲೆಬರಹದಲ್ಲಿ ‘ಮಾಫಿ’ ಎಂದು ಬರೆದು, ಎರಡೂ ಬಲೆಗಳನ್ನು ಹೊಸದಾಗಿ ಓಡಿಸಿದೆ. ಒಂದಾಗಿ ಕೂತಿದ್ದ ಕೈಗಳು ಪಟಪಟನೆ ಬಿಚ್ಚಿಕೊಂಡವು. ಅಕ್ಕತಂಗಿಯರು, ಅಣ್ಣತಮ್ಮಂದಿರು, ಒಂದೇ ಓಣಿಯವರು. ಒಂದು ಊರಿನ ಶಾಲೆಯ ಹದಿನೇಳು ಮಂದಿ ಅದುವರೆಗೆ ಒಬ್ಬರೇ ಆಗಿದ್ದರು. ಒಬ್ಬರೇ ಪಿ.ಟಿ. ಮಾಸ್ತರರ ಸೀಟಿಗೆ ಜಿಗಿದು ಬೆಳೆದವರು. ಅವರೆಲ್ಲ ಜಿಗಿಯುವುದನ್ನು ಒಟ್ಟಿಗೆ ಕಲಿತಿದ್ದರು, ತಪ್ಪನ್ನು ಮಾತ್ರ ಒಬ್ಬೊಬ್ಬರು ಒಂದೊಂದು ರೀತಿ ಅನುಭವಿಸಿದ್ದರು. ಅಕ್ಕ ಒಂದು ಬಲೆಗೆ, ತಂಗಿ ಇನ್ನೊಂದಕ್ಕೆ ಸಿಕ್ಕಾಗ ನಾನು ‘ಅದೇ ಮೀನು ಮತ್ತೆ ಬಂತು’ ಎಂದು ಬರೆದುಕೊಂಡಿದ್ದೆ, ಕೆರೆ ಸಣ್ಣದೆಂದು ತಿಳಿದಿದ್ದೆ. ಈಗ ಮೊದಲ ಬಲೆಯಲ್ಲಿ ಎರಡು ಸಾವಿರದ ಐವತ್ತು ಕೈ, ಎರಡನೆಯದರಲ್ಲಿ ಎರಡು ಸಾವಿರದ ನೂರು, ಎರಡರಲ್ಲೂ ಸಿಕ್ಕವು ಇನ್ನೂರ ನಲವತ್ತಾರೇ. ಹತ್ತು ಸಾವಿರ ಹೋಗಿ ಹದಿನೇಳೂವರೆ ಸಾವಿರವಾಯಿತು. ಏಳೂವರೆ ಸಾವಿರ ಜನರನ್ನು ನಾನು ಲೆಕ್ಕಕ್ಕಿಲ್ಲ ಎಂದು ಕೂಗಿಬಿಟ್ಟಿದ್ದೆ.

ಸೋಮವಾರ ಬೆಳಿಗ್ಗೆ ಕಿತ್ತೂರಮಠರ ಮುಂದೆ ಹೊಸ ಹಾಳೆ ಇಟ್ಟೆ.

“ಸರ್, ಗುಬ್ಬಿ ನಾನಲ್ಲ. ನನ್ನ ತಂಗಿ ಸುವರ್ಣಾ ಹೊಸಮನಿ. ಬುಧವಾರನೇ ನನಗ ಗೊತ್ತಿತ್ತು. ಗೊತ್ತಿದ್ದೂ ಪೇಡೆ ತಿಂದೆ.”

ಅವರು ಹಳೆಯ ಹಾಳೆ ತೆಗೆದು ಹೊಸದರ ಪಕ್ಕ ಇಟ್ಟರು. “ಈಗ ಯಾಕ ಹೇಳಿದ್ರಿ? ಸುಮ್ಮನಿದ್ರ ಯಾರಿಗೆ ತಿಳೀತಿತ್ರೀ?”

“ಸಂಖ್ಯೆ ತಪ್ಪಿತ್ತು ಸರ್.”

ಇದು ಅರ್ಧ ಸತ್ಯ. ಉಳಿದರ್ಧವನ್ನು ಅವರಿಗೆ ಹೇಳುವ ಅಗತ್ಯವಿರಲಿಲ್ಲ. ಹನ್ನೊಂದು ಗಂಟೆಗೆ ಸಭಾಂಗಣದಲ್ಲಿ ಪಟ್ಟಿ ಓದಿದರು. ಕೈ ಸಂಖ್ಯೆ ಒಂದು, ಸುವರ್ಣಾ ಹೊಸಮನಿ. ಅವಳು ಬರಲಿಲ್ಲ, ಅಂಗಡಿಯಲ್ಲಿ ಗಿರಾಕಿ ಇದ್ದರಂತೆ. ಚಪ್ಪಾಳೆ ಬಿದ್ದಾಗ ನಾನೂ ತಟ್ಟಿದೆ. ಎದೆಯಲ್ಲಿ ಕಿಚ್ಚು ಇದ್ದೇ ಇತ್ತು, ಹಾಗೇ ಇಟ್ಟುಕೊಂಡೇ ತಟ್ಟಿದೆ. ಶಾರದಕ್ಕ ನನ್ನ ಕಡೆ ತಿರುಗಿ ನೋಡಲಿಲ್ಲ. ನನ್ನ ಕೈಗೂ ಒಂದು ಸಂಖ್ಯೆ ಬಂದಿತ್ತು, ಎಲ್ಲೋ ಕೊನೆಯ ಹಾಳೆಗಳಲ್ಲಿ. ಆಟ ಒಂದು, ಮಾಫಿ ಸೊನ್ನೆ.

ಆ ಸೊನ್ನೆ ನನ್ನನ್ನು ಕಾಡಿತು. ಸಂಜೆ ಮನೆಗೆ ಬಂದು ‘ಏಳನೆಯ ಮನೆ’ಯ ಹಳೆಯ ಕಡತ ಬಿಚ್ಚಿದೆ. ಸುವ್ವಿಯಷ್ಟೇ ಮಾಫಿ ಇಟ್ಟು ಆಡಿ ನೋಡಿದೆ. ನನ್ನದಲ್ಲ ಎನ್ನಿಸಿತು, ಅವಳ ಕೈಯೇ ಅದು. ಅರ್ಧ ಮಾಡಿದೆ, ಅದೂ ಸರಿಬರಲಿಲ್ಲ. ಇಳಿಸುತ್ತ ಇಳಿಸುತ್ತ ಸೆಕೆಂಡಿನ ಹತ್ತನೆಯ ಒಂದು ಭಾಗಕ್ಕೆ ಬಂದಾಗ ಮೈ ‘ಹಾಂ, ಈಗ ಸರಿ’ ಎಂದಿತು. ನಲವತ್ತೈದು ವರ್ಷಕ್ಕೆ ನನ್ನ ಕೈಯಿಂದ ಹೊರಟದ್ದು ಅಷ್ಟೇ.

ಅವ್ವನ ಫೋನಿಗೆ ಹಾಕಿ ಅವಳ ಮಡಿಲಲ್ಲಿಟ್ಟೆ. ಏನೂ ಹೇಳದೆ ಒಳಗೆ ಹೋಗಿ ಚಹಾಕ್ಕೆ ನೀರಿಟ್ಟೆ. ಕಿವಿಯೆಲ್ಲ ಕಟ್ಟೆಯ ಮೇಲೆಯೇ ಇತ್ತು.

“ಹೋತು, ಔಟಾದೆ,” ಎಂದಳು ಅವ್ವ. ಆಮೇಲೆ, “ಅಯ್ಯ! ಇಲ್ಲ! ಉಳದೆ!” ಎಂದು ನಕ್ಕಳು. ಮತ್ತೆ ಆಡಿದಳು. ನೀರು ಕುದಿದು ಅರ್ಧವಾಗುವವರೆಗೂ ಆಡಿದಳು.

“ದಾನೀ, ಚಲೋ ಐತಿ ಇದು. ಇದನ್ನೂ ಸುವ್ವೀನ ಮಾಡ್ಯಾಳೇನ?”

ನಾನು ಒಲೆಯ ಮುಂದೆಯೇ ನಿಂತಿದ್ದೆ. “ಇಲ್ಲವ್ವ. ನಾ.”

ಅವ್ವ ಹೊರಗಿನಿಂದಲೇ “ಹೌದೇನು” ಎಂದಳು. ಮತ್ತೆ ಜಿಗಿಯುವ ಸದ್ದು ಶುರುವಾಯಿತು.

ನನ್ನನ್ನು ಬಿಟ್ಟರೆ ಗುರುತಿಲ್ಲದ ಇಬ್ಬರು, ಸುವ್ವಿ, ಈಗ ಅವ್ವ. ಚಹಾ ಸೋಸುತ್ತ ನಾನು ಎಣಿಸಿದೆ: ನಾಲ್ಕು.